ತೌಡಿಗೆ ಬಂದ ಹೆಸರು

ಚಳ್ಳಕೆರೆಯ ನಮ್ಮ ಬೀದಿಯಲ್ಲಿ ಸಂಜೆ ಹೊತ್ತು ಮಕ್ಕಳನ್ನು ಮನೆಗೆ ಕರೆಯುವುದೆಂದರೆ ದೊಡ್ಡ ಗದ್ದಲ. ಒಬ್ಬಳು ಶಿವನ ಹೆಸರು ಕೂಗಿದರೆ ಇನ್ನೊಬ್ಬಳು ಬಸವಣ್ಣನ ಹೆಸರು ಕೂಗುತ್ತಿದ್ದಳು. ಒಂದೊಂದು ಕೂಗಿಗೂ ಮೂರು ನಾಲ್ಕು ಹುಡುಗರು ಒಟ್ಟಿಗೆ ತಿರುಗಿ ನೋಡುತ್ತಿದ್ದರು. ನಾನು ಹೊಸ್ತಿಲ ಮೇಲೆ ನಿಂತು "ಯಹ್ಯಾ" ಎಂದು ಕೂಗಿದರೆ ತಿರುಗುತ್ತಿದ್ದವನು ಒಬ್ಬನೇ. ಹುಡುಗರ ತಾಯಂದಿರೂ ತಿರುಗಿ ನನ್ನ ಮುಖ ನೋಡುತ್ತಿದ್ದರು, ಅದು ಬೇರೆ ಮಾತು. ಹಣೆ ತುಂಬ ವಿಭೂತಿ ಬಳಿದುಕೊಂಡ ನನ್ನ ಮಗ ಆ ಅರಬ್ಬಿ ಹೆಸರಿಗೆ ಓಗೊಟ್ಟು ಓಡಿ ಬರುತ್ತಿದ್ದ.

ಬೀದಿಗೆ ಹೊಸದಾಗಿ ಬಂದ ಮಾಸ್ತರರ ಹೆಂಡತಿ ಒಮ್ಮೆ ನಲ್ಲಿಯ ಹತ್ತಿರ ಕೇಳಿಯೇಬಿಟ್ಟಳು, "ನಿಮ್ಮೋರಾಗೆ ಇಂಥ ಹೆಸರೂ ಇಡ್ತಾರೇನ್ರೀ?"

"ನಮ್ಮೋರಾಗೆ ಇಡೋ ಹೆಸರು ಇಟ್ಟು ನೋಡೀನಿ ಕಣ್ರೀ. ನಿಲ್ಲಲಿಲ್ಲ" ಎಂದೆ. ಪಾಪ, ಆಕೆ ಕೊಡ ಎತ್ತಿಕೊಂಡು ಹೋದಳು. ನನಗೆ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ ಎಂದು ಅತ್ತೆ ಊರಿಗೆಲ್ಲ ಹೇಳಿಕೊಂಡು ಬಂದಿದ್ದರು. ಸುಳ್ಳೇನಲ್ಲ. ಎರಡು ಮಕ್ಕಳನ್ನು ಮಣ್ಣಿಗೆ ಕೊಟ್ಟ ಮೇಲೆ ನನ್ನ ಹತ್ತಿರ ಉಳಿದಿದ್ದುದು ಕೋಪ ಒಂದೇ. ಅದನ್ನೂ ಬಿಟ್ಟುಕೊಟ್ಟಿದ್ದರೆ ನಾನು ಹಾಸಿಗೆ ಬಿಟ್ಟು ಏಳುತ್ತಿರಲಿಲ್ಲ.

ನನ್ನ ಗಂಡನದು ಶೇಂಗಾ ಮಂಡಿ. ಮದುವೆಯಾಗಿ ಮೊಳಕಾಲ್ಮೂರಿನಿಂದ ಚಳ್ಳಕೆರೆಗೆ ಬಂದಾಗ ಮನೆಯ ಮೂಲೆಮೂಲೆಯಲ್ಲೂ ಎಣ್ಣೆ ಗಿರಣಿಯ ಹಿಂಡಿಯ ವಾಸನೆ. ಮೊದಲ ಮಗು ಆ ವಾಸನೆ ಕುಡಿಯುವಷ್ಟೂ ಬದುಕಲಿಲ್ಲ. ತೊಟ್ಟಿಲಿಗೆ ಹಾಕುವ ಮುಂಚೆಯೇ ಹೋಯಿತು. ಅದಕ್ಕೆ ಹೆಸರೂ ಇಲ್ಲ. ಎರಡನೆಯವನಿಗೆ ಅತ್ತೆ ಪಟ್ಟು ಹಿಡಿದು ಮನೆದೇವರ ಹೆಸರು, ಅಜ್ಜನ ಹೆಸರು ಎಲ್ಲ ಸೇರಿಸಿ ಮೊಳದುದ್ದ ಹೆಸರಿಟ್ಟರು. ಅವನು ಬೋರಲು ಬಿದ್ದ, ತೆವಳಿದ, ನನ್ನ ಸೆರಗು ಹಿಡಿದು ಎದ್ದು ನಿಲ್ಲಲು ನೋಡಿದ. ಎಂಟು ತಿಂಗಳಿಗೆ ಜ್ವರ ಬಂದು ಸೆಟೆದುಕೊಂಡ. ಡಾಕ್ಟರ ಹತ್ತಿರ ಒಯ್ಯುವಾಗ ಆಟೋದಲ್ಲಿ ನನ್ನ ತೊಡೆಯ ಮೇಲೇ ಇದ್ದ. ಇಳಿಸುವಾಗ ಇರಲಿಲ್ಲ. ಗಂಡಸರು ಹೊಲದಲ್ಲಿ ಮಣ್ಣು ಮಾಡಿ ಬಂದರು, ನನ್ನನ್ನು ಕರೆದುಕೊಂಡು ಹೋಗಲಿಲ್ಲ. ಎದೆಹಾಲು ಕಟ್ಟಿಕೊಂಡು ನಾನು ಬಚ್ಚಲಲ್ಲಿ ಕೂತು ಗೋಡೆಗೆ ತಲೆ ಚಚ್ಚಿಕೊಂಡೆ.

ಮೂರನೆಯದು ನಿಂತಾಗ ಯಾರಿಗೂ ಖುಷಿಯಾಗಲಿಲ್ಲ. ನನಗೂ ಆಗಲಿಲ್ಲ. ಹೆರಿಗೆಗೆ ತವರಿಗೆ ಹೊರಟೆ. ಮೊದಲೆರಡು ಸಲ ಬಾಣಂತಿತನದ ಸಾಮಾನು ಮೂಟೆ ಕಟ್ಟಿದ್ದ ಅತ್ತೆ ಈ ಸಲ ಬಸ್ ನಿಲ್ದಾಣದ ತನಕವೂ ಬರಲಿಲ್ಲ. ತಳಕು, ಬಿ.ಜಿ.ಕೆರೆ, ಹಾನಗಲ್ ದಾಟುವವರೆಗೆ ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡು ಕೂತಿದ್ದೆ. ಒಳಗೆ ಒದೆಯುತ್ತಿದ್ದ ಕಾಲಿಗೆ ಮನಸ್ಸಿನಲ್ಲೇ ಬೈಯುತ್ತಿದ್ದೆ. ಹೋಗುವುದಾದರೆ ಯಾಕೆ ಬರುತ್ತೀಯಾ, ನನ್ನನ್ನು ಹೀಗೆ ಯಾಕೆ ಕೊಲ್ಲುತ್ತೀಯಾ ಎಂದು.

ಹುಟ್ಟಿದ್ದು ಗಂಡು. ಅಂಗೈಗಿಂತ ಸ್ವಲ್ಪ ದೊಡ್ಡದು. ಅದರ ಅಳು ಕೇಳಿದ ಕೂಡಲೆ ಕೈ ಚಾಚಿದೆ, ಮತ್ತೆ ಎಳೆದುಕೊಂಡೆ. ಪ್ರೀತಿ ಹುಟ್ಟಿತು, ಅದರ ಹಿಂದೆಯೇ ಭಯವೂ ಹುಟ್ಟಿತು. ನನ್ನ ಅವ್ವ ಮಗುವನ್ನು ತಿರುಗಿಸಿ ಮುರುಗಿಸಿ ನೋಡಿ, "ಇದನ್ನ ಮಾರಬೇಕು" ಎಂದಳು.

ನಮ್ಮ ಕಡೆ ಹುಟ್ಟಿದ ಮಕ್ಕಳು ಉಳಿಯದಿದ್ದರೆ ಹೀಗೆ ಮಾಡುತ್ತಾರೆ. ಮಗುವನ್ನು ಮೊರದಲ್ಲಿ ಮಲಗಿಸಿ ಹೊಸ್ತಿಲಾಚೆ ಇಡುತ್ತಾರೆ. ಬೇರೆ ಮನೆಯ, ಬೇರೆ ಜಾತಿಯ ಹೆಂಗಸೊಬ್ಬಳು ಬಂದು ಸೆರಗಿನಲ್ಲಿ ತಂದ ತೌಡು ಸುರಿದು ಅದನ್ನು ಕೊಳ್ಳುತ್ತಾಳೆ. ಕೊಂಡವಳೇ ಹೆಸರಿಡಬೇಕು. ಅಂದಿನಿಂದ ಅದು ಅವಳ ಮನೆಯ ಮಗು. ಹೆತ್ತವಳು ಸಾಕಿಕೊಡುವವಳು ಅಷ್ಟೆ. ಈ ತಾಯಿಯ ಮಡಿಲಲ್ಲಿ ಮಗು ನಿಲ್ಲುವುದಿಲ್ಲ ಎಂದು ಲೆಕ್ಕ ಹಾಕಿಕೊಂಡು ಬರುವ ಸಾವಿಗೆ ಇದು ಇವಳ ಮಗುವಲ್ಲ ಎಂದು ಹೇಳಿ ಕಳಿಸುವ ಉಪಾಯ. ಐದು ವರ್ಷ ತುಂಬಿ ಶಾಲೆಗೆ ಹೋಗುವ ಹೊತ್ತಿಗೆ ಮೊರದಲ್ಲಿ ಅಕ್ಕಿ, ಬೆಲ್ಲ, ಕುಪ್ಪಸದ ಬಟ್ಟೆ ಕೊಟ್ಟು ಬಿಡಿಸಿಕೊಳ್ಳಬೇಕು. ನಾನು ಬಿ.ಎ. ಓದಿದವಳು. ಇಂಥದ್ದನ್ನೆಲ್ಲ ಕೇಳಿ ನಕ್ಕವಳು. ಆ ದಿನ ನಗು ಬರಲಿಲ್ಲ. ಅವ್ವ ಏನು ಹೇಳಿದ್ದರೂ ಮಾಡುತ್ತಿದ್ದೆ.

ಕೊಳ್ಳುವವಳಿಗೆ ಒಂದು ಕಟ್ಟಳೆ ಇದೆ. ಅವಳ ಮನೆಯಲ್ಲಿ ಯಾವ ಮಗುವೂ ಸತ್ತಿರಬಾರದು. ಅಂಥ ಮನೆ ಎಲ್ಲಿ ಸಿಗುತ್ತದೆ? ಅವ್ವ ನಮ್ಮ ಬೀದಿಯನ್ನೆಲ್ಲ ಮನಸ್ಸಿನಲ್ಲೇ ಸುತ್ತಿ ಬಂದಳು. ಕೊನೆಗೆ ನೆನಪಾದವಳು ಬೂವಮ್ಮ. ಮುಸಲ್ಮಾನರ ಹಿರಿಯ ಹೆಂಗಸರನ್ನೆಲ್ಲ ನಾವು ಬೂವಮ್ಮ ಎಂದೇ ಕರೆಯುವುದು. ಇವಳು ವರ್ಷಕ್ಕೊಮ್ಮೆ ಬಂದು ನಮ್ಮ ಹಾಸಿಗೆ ದಿಂಬು ಬಿಚ್ಚಿ, ಹತ್ತಿ ಹಿಂಜಿ, ಮತ್ತೆ ತುಂಬಿ ಹೊಲಿದುಕೊಡುತ್ತಿದ್ದ ಮುದುಕಿ. ಆರು ಹೆತ್ತು ಆರನ್ನೂ ಉಳಿಸಿಕೊಂಡಿದ್ದಳು. ತಲೆಗೂದಲಲ್ಲಿ ಯಾವಾಗಲೂ ಹತ್ತಿಯ ಎಳೆ ಸಿಕ್ಕಿಕೊಂಡಿರುತ್ತಿತ್ತು. ಎಷ್ಟು ನರೆತಿದೆ, ಎಷ್ಟು ಹತ್ತಿ ಎಂದು ಹೇಳಲಾಗುತ್ತಿರಲಿಲ್ಲ.

ತೌಡು ಕಟ್ಟಿಕೊಂಡು ಬಂದಳು. ಜೊತೆಯಲ್ಲಿ ಅವಳ ಕೊನೆಯ ಮಗಳು, ಎರಡು ಜಡೆ ಹಾಕಿಕೊಂಡ ಹೈಸ್ಕೂಲು ಹುಡುಗಿ. ಮೊರದ ಮುಂದೆ ಕೂತು ಬೂವಮ್ಮ ನನ್ನ ಮಗುವಿನ ಅಂಗಾಲು ಒತ್ತಿ ನೋಡಿದಳು. ಅವ್ವ ಅವಸರ ಮಾಡಿದಳು.

"ಹೆಸರು ಇಡು ಬೂವಮ್ಮ. ಫಕೀರ ಅನ್ನು, ತಿಪ್ಪ ಅನ್ನು. ಕೇಳಿದ್ರೆ ಸಾವಿಗೂ ಅಸಹ್ಯ ಆಗ್ಬೇಕು, ಅಂಥದ್ದು."

ಬೂವಮ್ಮನಿಗೆ ಸಿಟ್ಟು ಬಂತು. "ನಿಮ್ಮೋರು ಏನರ ಮಾಡ್ಕೊಳ್ರಿ. ನಾ ಕೊಂಡ್ಕೊಂಡ ಮಗೀಗೆ ನಾ ಕಸ ಅಂತ ಹೆಸರಿಡಲ್ಲ. ಅಷ್ಟು ಸಣ್ಣ ಜೀವ, ದಿನಾ ಬೈಸ್ಕೋಬೇಕಾ?"

ಆಮೇಲೆ ಮೊರವನ್ನು ತನ್ನ ಕಡೆಗೆ ಎಳೆದುಕೊಂಡಳು. ಮಗುವಿನ ಕಿವಿಯ ಹತ್ತಿರ ಬಾಗಿ ಹೇಳಿದ್ದು ಯಹ್ಯಾ ಎಂಬ ಹೆಸರು. ನಾನು ಅಲ್ಲಿಯವರೆಗೆ ಕೇಳಿರಲಿಲ್ಲ. ಮೊಳಕಾಲ್ಮೂರಿನಲ್ಲಿ ನಮ್ಮೊಡನೆ ಓದಿದ ಸಾಬರ ಹುಡುಗರಲ್ಲೂ ಆ ಹೆಸರಿನವರು ಇರಲಿಲ್ಲ.

"ಹಂಗಂದ್ರೆ ಏನು?" ಎಂದೆ.

"ಬದುಕ್ತಾನೆ ಅಂತ."

"ಅಷ್ಟೇನಾ?"

"ಇನ್ನೇನು ಬೇಕವ್ವ ನಿನಗೆ?" ಎಂದಳು ಬೂವಮ್ಮ.

ನಾನು ಆ ಹೊತ್ತಿಗೆ ಅತ್ತುಬಿಟ್ಟೆ. ಬೇರೆ ಹೆಸರುಗಳೆಲ್ಲ ಒಡೆಯ, ವೀರ, ಚಂದ್ರ, ಬೆಳಕು ಎನ್ನುತ್ತವೆ. ನನಗೆ ಅದ್ಯಾವುದೂ ಬೇಕಿರಲಿಲ್ಲ. ಬೂವಮ್ಮ ಹೇಳಿದಳು: ಅವಳ ಅಪ್ಪ ರಾಯದುರ್ಗದ ಕಡೆ ಮಸೀದಿಯಲ್ಲಿ ಮಕ್ಕಳಿಗೆ ಓದು ಕಲಿಸುತ್ತಿದ್ದವರು. ಬಹಳ ಹಿಂದೆ ಒಬ್ಬ ಮುದುಕ ಮುದುಕಿಗೆ ಮಕ್ಕಳ ಆಸೆಯೇ ಬಿಟ್ಟುಹೋದ ಕಾಲಕ್ಕೆ ದೇವರು ಮಗನನ್ನು ಕೊಟ್ಟನಂತೆ. ಹೆಸರನ್ನೂ ಅವನೇ ಇಟ್ಟನಂತೆ, ಅಲ್ಲಿಯವರೆಗೆ ಯಾರಿಗೂ ಇಟ್ಟಿರದ ಹೆಸರನ್ನು. ಅವಳ ಅಪ್ಪ ಅದನ್ನು ಹೇಳಿ, ಈ ಹೆಸರನ್ನು ಸುಮ್ಮಸುಮ್ಮನೆ ಇಡಬೇಡಿ, ಅದು ಬೇಕೇಬೇಕಾದ ಮಗುವಿಗೆ ಇಡಿ ಎಂದಿದ್ದರಂತೆ. "ನಮ್ಮನ್ಯಾಗೆ ಯಾರಿಗೂ ಇಟ್ಟಿಲ್ಲ. ಬೇಕಾಗ್ಲಿಲ್ಲ" ಎಂದಳು. ಎರಡು ಜಡೆಯ ಹುಡುಗಿ ಮೊರಕ್ಕೆ ತೌಡು ಸುರಿದಳು. ಮಗುವಿನ ಮೂಗಿಗೆ ಹೋಗಿ ಅದು ಸೀನಿತು.

ಚಳ್ಳಕೆರೆಗೆ ವಾಪಸು ಬಂದಾಗ ಅತ್ತೆ ಮಗುವನ್ನು ಎತ್ತಿಕೊಂಡರು, ಹೆಸರನ್ನು ಎತ್ತಿಕೊಳ್ಳಲಿಲ್ಲ. "ಕೂಸೇ" ಎಂದೇ ಕರೆದರು. ನನ್ನ ಗಂಡ ಮಂಡಿಯಲ್ಲಿ ಹೆಸರು ಹೇಳಲು ಸಂಕೋಚಪಡುತ್ತಿದ್ದ. ಮನೆಯಲ್ಲಿ ಬಾಗಿಲು ಮುಂದಕ್ಕೆ ಮಾಡಿ ಮೆಲ್ಲಗೆ ಕರೆಯುತ್ತಿದ್ದ. ನಾನು ಮಾತ್ರ ಮೂರು ಹೊತ್ತೂ ಅದನ್ನೇ ಜಪಿಸಿದೆ. ಹಾಲೂಡಿಸುವಾಗ, ಎಣ್ಣೆ ಹಚ್ಚುವಾಗ, ಸುಮ್ಮನೆ ಮಲಗಿದ್ದವನನ್ನು ಎಬ್ಬಿಸಿ ಕೂಡ. ಆ ಹೆಸರಿನ ನಡುವೆ ಎದೆಯಿಂದ ಉಸಿರು ಬಿಡಬೇಕು, ಇಲ್ಲದಿದ್ದರೆ ಹೆಸರಾಗುವುದಿಲ್ಲ. ಅದು ನನಗೆ ಇಷ್ಟವಾಗುತ್ತಿತ್ತು. ಕರೆದಾಗಲೆಲ್ಲ ಇವನು ಬದುಕುತ್ತಾನೆ ಎಂದು ನಾನೇ ಬೀದಿಗೆ ಕೇಳುವಂತೆ ಹೇಳಿದ ಹಾಗಾಗುತ್ತಿತ್ತು.

ಎಂಟನೇ ತಿಂಗಳು ಬಂದಾಗ ನಾನು ಊಟ ಬಿಟ್ಟೆ. ಅದೇ ತಿಂಗಳಲ್ಲಿ ಅವನಿಗೆ ಜ್ವರ ಬಂತು, ಅಣ್ಣನ ಹಾಗೆಯೇ ಸೆಟೆದುಕೊಂಡ. ಕಣ್ಣು ಮೇಲೆ ಸಿಕ್ಕಿಕೊಂಡವು. ಒದ್ದೆ ಬಟ್ಟೆ ಸುತ್ತಿ ಡಾಕ್ಟರ ಹತ್ತಿರ ಓಡಿದೆವು. ದಾರಿಯುದ್ದ ಅವನ ಹೆಸರು ಅರಚಿಕೊಂಡು ಹೋದೆನಂತೆ. ಎಣ್ಣೆ ಗಿರಣಿಯ ಕೂಲಿಯವರು ಕೆಲಸ ಬಿಟ್ಟು ರಸ್ತೆಗೆ ಬಂದು ನೋಡಿದರಂತೆ. ಡಾಕ್ಟರು ಇಂಜೆಕ್ಷನ್ ಕೊಟ್ಟರು, ಜ್ವರದ ಫಿಟ್ಸ್ ಇದು, ದೊಡ್ಡವನಾದರೆ ಹೋಗುತ್ತದೆ ಎಂದರು. ಔಷಧಿಯಿಂದ ಉಳಿದ ಎಂದು ನನಗೆ ಗೊತ್ತು. ಆದರೆ ಅಣ್ಣನ ಕಾಲಕ್ಕೂ ಇದೇ ಔಷಧಿ ಇತ್ತಲ್ಲ, ಅದು ಕೈಗೆ ಸಿಗುವ ತನಕ ಅವನು ನಿಲ್ಲಲಿಲ್ಲ. ಇವನಿಗೆ ಹೆಚ್ಚಾಗಿ ಇದ್ದುದು ಹೆಸರು. ನಾನು ಅದನ್ನು ಹಲ್ಲುಕಚ್ಚಿ ಹಿಡಿದುಕೊಂಡೆ.

ಹೀಗೆ ಜ್ವರ ಬಂದಾಗಲೆಲ್ಲ ಜೀವ ಬಾಯಿಗೆ ಬರುತ್ತ, ಹೋಗುತ್ತ, ಅವನಿಗೆ ಐದು ತುಂಬಿತು. ಅತ್ತೆ ಕಾಯುತ್ತಿದ್ದರು.

"ಸಾಕು. ಬಿಡಿಸ್ಕೊಂಡು ಬಾ. ಶಾಲೆಗೆ ಮನೆದೇವರ ಹೆಸರು ಹಚ್ಚಾನ."

"ಇನ್ನೊಂದು ವರ್ಷ ಹೋಗ್ಲಿ ಅತ್ತೆ."

"ಯಾಕೆ? ಐದು ಅಂದ್ರೆ ಐದು. ಮಗ ಗಟ್ಟಿ ಅವ್ನೆ."

"ಗಟ್ಟಿ ಅವ್ನೆ ಅಂತ ಹೇಳಬ್ಯಾಡ್ರಿ!" ಎಂದು ಕಿರುಚಿದೆ. ಅವನು ಗಟ್ಟಿಯಿದ್ದಾನೆ ಎಂದು ಯಾರಾದರೂ ಬಾಯಿಬಿಟ್ಟು ಹೇಳಿದರೆ ನಾನು ಅವನನ್ನು ಒಳಗೆ ಎಳೆದುಕೊಂಡು ದೃಷ್ಟಿ ತೆಗೆಯುತ್ತಿದ್ದೆ. ಅತ್ತೆ ಮೂಗು ಮುರಿದು ಒಳಗೆ ಹೋದರು. ಗಂಡ ಚಪ್ಪಲಿ ಮೆಟ್ಟಿಕೊಂಡು ಮಂಡಿಗೆ ಹೋದ. ಆ ಬೇಸಿಗೆ ನಾನು ತವರಿಗೇ ಹೋಗಲಿಲ್ಲ, ಬೂವಮ್ಮನ ಕಣ್ಣಿಗೆ ಬೀಳುವುದೇ ಬೇಡವೆಂದು.

ಬೂವಮ್ಮನೇ ಬಂದಳು. ಒಂದು ಮಧ್ಯಾಹ್ನ ಬಿಸಿಲಲ್ಲಿ, ಬಸ್ಸಿಳಿದು ಮನೆ ಹುಡುಕಿಕೊಂಡು, ಬಾಗಿಲಲ್ಲಿ ನಿಂತಿದ್ದಳು. ನೀರು ಕೊಟ್ಟೆ. ಕುಡಿದು ಲೋಟ ಕೆಳಗಿಟ್ಟು ಹೇಳಿದಳು. ಅವಳ ಕೊನೆಯ ಮಗಳಿಗೆ, ಆ ಎರಡು ಜಡೆಯ ಹುಡುಗಿಗೆ ಮದುವೆಯಾಗಿ ಎರಡು ಸಲ ಹೊಟ್ಟೆ ಇಳಿದುಹೋಗಿತ್ತು. ಈಗ ಮೂರನೆಯದು ದಿನ ತುಂಬುವ ಮುಂಚೆಯೇ ಹುಟ್ಟಿದೆ. ಗಂಡು. ಬಳ್ಳಾರಿಯ ಆಸ್ಪತ್ರೆಯಲ್ಲಿ ಗಾಜಿನ ಪೆಟ್ಟಿಗೆಯಲ್ಲಿ ಇಟ್ಟಿದ್ದಾರೆ. ತಾಯಿಗೂ ಮುಟ್ಟಲು ಬಿಡುವುದಿಲ್ಲ.

"ಹೆಸರು ಬೇಕಾಗೈತವ್ವ" ಎಂದಳು.

ನನಗೆ ಅರ್ಥವಾಯಿತು. ಆದರೂ ಆಗದವಳಂತೆ, "ಇಡು. ನಾನೇನು ಬ್ಯಾಡ ಅಂದ್ನಾ? ಒಂದು ಹೆಸರು ಇಬ್ಬರಿಗೆ ಇರಬಾರ್ದಾ?" ಎಂದೆ.

"ನಿನ್ ಮಗ ನಮ್ಮನೆ ಮಗ ಅಲ್ವಾ? ನಾ ಕೊಂಡ್ಕೊಂಡೀನಿ. ಒಂದು ಮನ್ಯಾಗೆ ಇಬ್ಬರು ಗಂಡು ಮಕ್ಕಳಿಗೆ ಒಂದೇ ಹೆಸರು ಯಾರು ಇಡ್ತಾರೆ? ಅವನ್ನ ನಿನಗೆ ವಾಪಸ್ ಕೊಟ್ಟು, ಹೆಸರು ನಾ ತಗೊಂಡು ಹೋಗ್ಬೇಕು."

ಕಟ್ಟಳೆ ನಮ್ಮದೇ. ನಾವೇ ಹೇಳಿಕೊಟ್ಟಿದ್ದು. ಅವಳು ಅದನ್ನು ನಮಗಿಂತ ಚೆನ್ನಾಗಿ ಪಾಲಿಸಿದ್ದಳು. ನನಗೆ ಕೋಪ ಉಕ್ಕಿತು.

"ಕೊಡಲ್ಲ. ನನ್ ಮಗನಿಗೆ ಇನ್ನಾ ಫಿಟ್ಸ್ ಬರ್ತಾವೆ. ನಿನ್ ಮಗಳ ಕೂಸು ಉಳೀಲಿ ಅಂತ ನಾ ಇವನ್ನ ಬರಿಗೈಲಿ ಬಿಡ್ಲಾ? ಹೋಗು ಬೂವಮ್ಮ."

ಅವಳು ಬಯ್ಯಲಿಲ್ಲ. ನಾನು ಕೊಂಡವಳು, ನನ್ನ ಹಕ್ಕು ಎನ್ನಲೂ ಇಲ್ಲ. ಜಗುಲಿಯ ಮೇಲೆ ಕೂತಳು. ಕೂದಲಲ್ಲಿ ಹತ್ತಿಯ ಎಳೆ ಇತ್ತು. ಕೆಲಸ ಅರ್ಧಕ್ಕೆ ಬಿಟ್ಟು ಬಂದಿದ್ದಳು ಎಂದು ಕಾಣುತ್ತದೆ. ಒಳಗಿನಿಂದ ಎಲ್ಲವನ್ನೂ ಕೇಳಿಸಿಕೊಂಡಿದ್ದ ಅತ್ತೆ ಆಗಲೇ ಮೊರಕ್ಕೆ ಅಕ್ಕಿ ಹಾಕುತ್ತಿದ್ದ ಸದ್ದು ಬಂತು.

"ನೀ ಬೈಯವ್ವ. ನಾನಾಗಿದ್ರೂ ಬೈತಿದ್ದೆ" ಎಂದಳು ಬೂವಮ್ಮ. "ನಿನ್ ಮಗ ಐದು ವರ್ಷ ನಿಂತವ್ನೆ. ಅದು ಇನ್ನಾ ಕಣ್ಣು ಬಿಟ್ಟಿಲ್ಲ. ಅವಳು ಗಾಜಿಗೆ ಕೈ ಹಚ್ಕೊಂಡು ನಿಂತಾಳೆ. ಏನಂತ ಕರೀಬೇಕು ಗೊತ್ತಿಲ್ಲ."

ಏನಂತ ಕರೆಯಬೇಕು ಗೊತ್ತಿಲ್ಲ. ಹೆಸರೇ ಇಲ್ಲದೆ ಹೋದ ನನ್ನ ಮೊದಲನೆಯದನ್ನು ಇವತ್ತಿಗೂ ಏನಂತ ನೆನೆಯಬೇಕು ಎಂದು ನನಗೆ ಗೊತ್ತಿಲ್ಲ. ಒಳಗೆ ಹೋಗಿ ಮಲಗಿದ್ದ ಮಗನನ್ನು ಎಬ್ಬಿಸಿ ರೆಟ್ಟೆ ಹಿಡಿದು ತಂದೆ. "ತಗೊಂಡು ಹೋಗು. ಬ್ಯಾಗ ಹೋಗು" ಎಂದೆ. ದುಃಖಕ್ಕಿಂತ ಸಿಟ್ಟೇ ಹೆಚ್ಚಿತ್ತು, ಅವಳ ಮೇಲೆ, ದೇವರ ಮೇಲೆ, ಗಾಜಿನ ಪೆಟ್ಟಿಗೆಯ ಮೇಲೆ.

ಅಂಗೈಯಷ್ಟಿದ್ದಾಗ ಮೊರದಲ್ಲಿ ಮಲಗಿದ್ದವನು ಈಗ ಮೊರದಲ್ಲಿ ಹಿಡಿಯುತ್ತಿರಲಿಲ್ಲ. ಅಕ್ಕಿಯ ಮೇಲೆ ಎರಡೂ ಪಾದ ಊರಿ ನಿಂತು, ಕಾಲಿಗೆ ಕಚಗುಳಿಯಾಗಿ ಕಿಲಕಿಲ ನಕ್ಕ. ಬೂವಮ್ಮ ಅವನ ನೆತ್ತಿಯ ಮೇಲೆ ಕೈಯಿಟ್ಟು ಕೊನೆಯ ಸಲ ಹೆಸರು ಹಿಡಿದು ಕರೆದಳು. "ನಿನ್ ಮಗನ್ನ ನಿನಗೆ ಕೊಟ್ಟೆ. ಹೆಸರು ನಾ ತಗೊಂಡೆ" ಎಂದಳು. ಕುಪ್ಪಸದ ಬಟ್ಟೆ ಕಂಕುಳಲ್ಲಿ ಇಟ್ಟುಕೊಂಡು ಬಳ್ಳಾರಿ ಬಸ್ಸಿಗೆ ಓಡಿದಳು. ಆ ವಯಸ್ಸಿನಲ್ಲಿ ಅವಳು ಓಡುವುದನ್ನು ನಾನು ನೋಡಿರಲಿಲ್ಲ.

ಅತ್ತೆ ಅಂದೇ ಮನೆದೇವರ ಹೆಸರಿಟ್ಟು ಬಾಯಿಗೆ ಸಕ್ಕರೆ ಹಾಕಿದರು. ಆ ಹೆಸರಿಗೆ ಅವನು ತಿರುಗಲಿಲ್ಲ. ಸಂಜೆ ಹೊಸ್ತಿಲ ಮೇಲೆ ನಿಂತು ಕರೆದರೆ ಬೀದಿಯ ನಾಲ್ಕು ಹುಡುಗರು ತಿರುಗಿದರು, ನನ್ನವನು ತನ್ನ ಪಾಡಿಗೆ ಗೋಲಿ ಆಡುತ್ತಿದ್ದ. ಹತ್ತಿರ ಹೋಗಿ ಭುಜ ಮುಟ್ಟಿ ಕರೆತಂದೆ. "ನನ್ ಹೆಸರು ಎಲ್ಲಿಗೆ ಹೋತು?" ಎಂದ. ಬಳ್ಳಾರಿಗೆ ಎಂದೆ. "ಯಾವಾಗ ಬರ್ತೈತೆ?" ಎಂದ.

ಆ ವಾರವೇ ಜ್ವರ ಬಂತು. ಬೆಳಿಗ್ಗೆ ಮೈ ಬೆಚ್ಚಗಿತ್ತು, ಹೊತ್ತು ಏರುವುದರೊಳಗೆ ಕೆಂಡವಾಯಿತು. ನಾನು ನಡುಮನೆಯಲ್ಲಿ ಅವನನ್ನು ತೊಡೆಯ ಮೇಲೆ ಹಾಕಿಕೊಂಡು ಒದ್ದೆ ಬಟ್ಟೆ ಇಟ್ಟೆ. ಅವನು ಸೆಟೆದುಕೊಂಡ. ಕಣ್ಣು ಮೇಲೆ ಸಿಕ್ಕಿಕೊಂಡವು. ಐದು ವರ್ಷ ಇಂಥ ಗಳಿಗೆಯಲ್ಲೆಲ್ಲ ನನ್ನ ಬಾಯಿಂದ ತಾನಾಗಿ ಬರುತ್ತಿದ್ದ ಕೂಗು ಈಗಲೂ ಗಂಟಲಿಗೆ ಬಂತು. ಕರೆದರೆ ಬಳ್ಳಾರಿಯ ಕೂಸಿನಿಂದ ಕಿತ್ತುಕೊಂಡ ಹಾಗೆ. ಕರೆಯದಿದ್ದರೆ ನನ್ನ ಮಗ ಹೋಗುತ್ತಾನೆ. ಸೆರಗು ಬಾಯಿಗೆ ತುರುಕಿಕೊಂಡೆ. ಹಲ್ಲು ಬಟ್ಟೆಯನ್ನು ಹರಿದವು. ಗಂಡ ಡಾಕ್ಟರನ್ನು ಕರೆತರಲು ಓಡಿದ್ದ. ಅತ್ತೆ ದೇವರ ಗೂಡಿನ ಮುಂದಿನಿಂದ ಎದ್ದು ಬಂದು ನನ್ನ ಮುಂದೆ ಕೂತರು. ಅವರ ಮುಖ ಬೂದಿಯಾಗಿತ್ತು.

"ಕರಿಯೇ. ಆ ಹೆಸರು ಹಿಡಿದೇ ಕರಿಯೇ, ಯಾರು ಏನರ ಅನ್ಲಿ" ಎಂದರು. ಐದು ವರ್ಷ ಅದನ್ನು ಬಾಯಲ್ಲಿ ಆಡದ ಹೆಂಗಸು.

ನಾನು ತಲೆ ಅಲ್ಲಾಡಿಸಿದೆ. "ಮಗನೇ" ಎಂದೆ. "ಅಪ್ಪಾ, ಮಗನೇ" ಎಂದೆ. ಇಡೀ ಲೋಕದ ತಾಯಂದಿರು ಯಾರಿಗಾದರೂ ಹೇಳಬಹುದಾದದ್ದು. ಅದರಲ್ಲಿ ಯಾವ ಬಲವೂ ಇಲ್ಲ ಎನಿಸುತ್ತಿತ್ತು. ಡಾಕ್ಟರು ಬಂದರು, ಇಂಜೆಕ್ಷನ್ ಆಯಿತು, ಮೈ ಸಡಿಲವಾಯಿತು. ಸಂಜೆಗೆ ಕಣ್ಣು ಬಿಟ್ಟು ಮಂಡಕ್ಕಿ ಕೇಳಿದ. ನಾನು ಹಿತ್ತಲಿಗೆ ಹೋಗಿ ಕಲ್ಲಿನ ಮೇಲೆ ಕೂತುಬಿಟ್ಟೆ.

ಮರುದಿನ ಎಸ್.ಟಿ.ಡಿ. ಬೂತಿನಿಂದ ತವರಿನ ಪಕ್ಕದ ಮನೆಗೆ ಫೋನು ಮಾಡಿ ಅವ್ವನನ್ನು ಕರೆಸಿದೆ. ಅವ್ವ ಸುತ್ತಿ ಬಳಸಿ ಹೇಳಿದಳು. ಬೂವಮ್ಮ ಆಸ್ಪತ್ರೆಗೆ ಹೋದ ಕೂಡಲೆ ಗಾಜಿನ ಆಚೆಯಿಂದಲೇ ಹೆಸರಿಟ್ಟಳಂತೆ. ಹೆಸರಿಟ್ಟ ಮೇಲೆ ಕೂಸು ಕೈ ಅಲ್ಲಾಡಿಸಿತಂತೆ. ಆದರೆ ಉಳಿಯಲಿಲ್ಲ. ಮೊಳಕಾಲ್ಮೂರಿಗೆ ತಂದು ಮಣ್ಣು ಮಾಡಿದರಂತೆ.

ಬೂತಿನೊಳಗೆ ನಿಂತು ನನಗೆ ಮೊದಲು ಆದದ್ದು ನಿರಾಳ. ನನ್ನವನು ಉಳಿದ ಎಂದು. ಅದಾದ ಮೇಲೆ ಆ ನಿರಾಳಕ್ಕೇ ನಾಚಿಕೆಯಾಯಿತು. ಮನೆಗೆ ಬಂದು ಮಗನನ್ನು ಅವಚಿಕೊಂಡೆ. ಆ ಹೆಸರು ನಾಲಿಗೆಯ ತುದಿಗೆ ಬಂದಾಗಲೆಲ್ಲ ಕಚ್ಚಿಕೊಂಡೆ. ಈಗ ಅದು ತೀರಿಹೋದ ಕೂಸಿನ ಹೆಸರು. ಅದನ್ನು ಹಿಡಿದು ಕರೆದರೆ ಯಾರು ಓಗೊಡುತ್ತಾರೋ ಎಂಬ ಭಯ. ಬದುಕುತ್ತಾನೆ ಎಂದು ಅರ್ಥವಂತೆ. ಯಾರು ಬದುಕಿದರು? ಬೂವಮ್ಮನ ಅಪ್ಪ, ಆ ಮಸೀದಿಯ ಮುದುಕ, ಎದುರಿಗಿದ್ದಿದ್ದರೆ ಜಗಳಕ್ಕೆ ಬೀಳುತ್ತಿದ್ದೆ.

ಮುಂದಿನ ಬೇಸಿಗೆಗೆ ತವರಿಗೆ ಹೋಗದೆ ವಿಧಿಯಿರಲಿಲ್ಲ, ಅವ್ವನ ಕಾಲು ಮುರಿದಿತ್ತು. ಶಾಲೆಯಲ್ಲಿ ಒಂದು ವರ್ಷ ಕಳೆದಿದ್ದ ಮಗ ಹೊಸ ಹೆಸರಿಗೆ ಅಂತೂ ಇಂತೂ ತಿರುಗಲು ಕಲಿತಿದ್ದ. ಬಂದ ಎರಡನೇ ದಿನ ನಾನು ಅವ್ವನ ಮಂಚದ ಹತ್ತಿರ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದೆ. ಅಂಗಳದಲ್ಲಿ ಬೂವಮ್ಮ ನಿಂತಿದ್ದಳು. ಹೊಸ್ತಿಲಿಗೆ ಬರದೆ ಅಲ್ಲೇ ಆಚೆ ನಿಂತಿದ್ದಳು. ಅವಳಿಗೂ ಗೊತ್ತಿತ್ತು, ಈಗ ಅವಳದು ಮಗು ಸಾಯದ ಮನೆಯಲ್ಲ. ಕೂದಲಲ್ಲಿ ಹತ್ತಿ ಇರಲಿಲ್ಲ. ಪೂರ್ತಿ ನರೆತಿತ್ತು. ಬೇಲಿಯ ಆಚೆ ಅವಳ ಮಗಳು ಬೆನ್ನು ಹಾಕಿಕೊಂಡು ನಿಂತಿದ್ದಳು.

"ಒಳಕ್ಕೆ ಬಾ" ಎಂದೆ. ಬರಲಿಲ್ಲ.

"ಒಂದು ಮಾತು ಕೇಳಾಕೆ ಬಂದೀನವ್ವ. ತಪ್ಪು ತಿಳ್ಕೋಬ್ಯಾಡ. ನನ್ ಮಗಳು ಆ ಹೆಸರು ಒಂದು ಸಲಾನೂ ಬಾಯಿ ಬಿಟ್ಟು ಕರೀಲಿಲ್ಲ. ಗಾಜಿನ ಪೆಟ್ಟಿಗೆ ಹತ್ರ ಗಲಾಟೆ ಮಾಡಬ್ಯಾಡ್ರಿ ಅಂದಿದ್ರು. ಈಗ ಮನ್ಯಾಗೆ ಒಬ್ಳೇ ಕರೀತಾಳೆ. ಕರೆದು ಸುಮ್ನೆ ಕಾಯ್ತಾಳೆ." ಬೇಲಿಯ ಕಡೆ ನೋಡಿ ಹೇಳಿದಳು. "ಆ ಹೆಸರಿಗೆ ಯಾರರ ಓ ಅನ್ನೋದು ಒಂದ್ಸಲ ಕೇಳಿಸ್ಬೇಕು. ಅಷ್ಟೇ. ಕೇಳಿಸ್ಕೊಂಡು ಹೋಗ್ತೀವಿ."

ಮಂಚದ ಮೇಲಿಂದ ಅವ್ವ ನನ್ನ ಸೆರಗು ಹಿಡಿದು ಜಗ್ಗಿದಳು. ಬೇಡ ಎಂದು ಕಣ್ಣಲ್ಲೇ ಹೇಳಿದಳು. ತೀರಿಕೊಂಡ ಕೂಸಿನ ಹೆಸರು ಹಿಡಿದು ಇರುವ ಮಗನನ್ನು ಕರೆಯುವುದಾ? ಯಾವ ತಾಯಿ ಕರೆಯುತ್ತಾಳೆ? ಆಗಲ್ಲ, ಹೋಗು ಎಂದು ಹೇಳಲು ಬಾಯಿ ತೆರೆದೆ. ಬೇಲಿಯ ಆಚೆಯ ಹುಡುಗಿ ಇನ್ನೂ ಬೆನ್ನು ಹಾಕಿಯೇ ನಿಂತಿದ್ದಳು. ಜಡೆ ಈಗ ಒಂದೇ ಇತ್ತು. ಅವಳು ಮೈಯೆಲ್ಲ ಕಿವಿಯಾಗಿ ನಿಂತಿದ್ದಾಳೆಂದು ಅವಳ ಬೆನ್ನಿನಿಂದಲೇ ಗೊತ್ತಾಗುತ್ತಿತ್ತು.

ಎದ್ದೆ. ಮಡಿಲಿನ ಹುಣಸೆಬೀಜಗಳು ನೆಲಕ್ಕೆ ಚೆಲ್ಲಿದವು. ಹೊಸ್ತಿಲ ಮೇಲೆ ನಿಂತು, ಚಳ್ಳಕೆರೆಯ ಬೀದಿಯಲ್ಲಿ ಕೂಗುತ್ತಿದ್ದ ಹಾಗೆ, ಎದೆಯ ಉಸಿರೆಲ್ಲ ಹಾಕಿ ಕೂಗಿದೆ.

"ಯಹ್ಯಾ!"

ಏನೂ ಕೇಳಿಸಲಿಲ್ಲ. ಆ ಒಂದು ಗಳಿಗೆಯಲ್ಲಿ ನಾನು ಸತ್ತು ಹುಟ್ಟಿದೆ. ಆಮೇಲೆ ಹಿತ್ತಲ ಕಡೆಯಿಂದ "ಓ… ಬಂದೇ" ಎಂದು ಕೂಗುತ್ತ, ಮೊಣಕಾಲಿನವರೆಗೆ ಮಣ್ಣು ಮಾಡಿಕೊಂಡು, ಓಡಿ ಬಂದ. ನನ್ನ ಮುಂದೆ ಏದುಸಿರು ಬಿಡುತ್ತ ನಿಂತ. ಬೂವಮ್ಮ ಅಂಗಳದಲ್ಲೇ ಕುಸಿದು ಕೂತಳು. ಬೇಲಿಯ ಆಚೆಯವಳು ತಿರುಗಿದ್ದಳು.

"ಇನ್ನೊಂದ್ಸಲ ಅಕ್ಕಾ" ಎಂದಳು.

ನನ್ನ ಕಣ್ಣಿಗೆ ಏನೂ ಕಾಣುತ್ತಿರಲಿಲ್ಲ. ಮತ್ತೆ ಕೂಗಿದೆ, ಇನ್ನೂ ಜೋರಾಗಿ. ಮಗ ನನ್ನ ಸೆರಗು ಹಿಡಿದು ಜಗ್ಗಿದ.

"ಯಾಕವ್ವ ಅಷ್ಟು ಜೋರಾಗಿ ಕೂಗ್ತೀಯಾ? ಇಲ್ಲೇ ಇದೀನಲ್ಲ."